ವಯಸ್ಸಾದ ದೇಹದ ಕಾವಲಿಗೆ ಲಸಿಕೆಯೋ, ನಡಿಗೆಯೋ, ಮಾತ್ರೆಯೋ?

65 ದಾಟಿದವರಿರುವ ಮನೆಗಳಿಂದ ನನಗೆ ಬರುವ ಪ್ರಶ್ನೆ ಹೆಚ್ಚುಕಡಿಮೆ ಒಂದೇ ಬಗೆಯದು. ಮಗಳು ಲಸಿಕೆ ಹಾಕಿಸೋಣ ಎನ್ನುತ್ತಾಳೆ. ಮಗ ಆಗಲೇ ಸತು, ವಿಟಮಿನ್ ಡಿ ಡಬ್ಬಿಗಳನ್ನು ತಂದಿಟ್ಟಿದ್ದಾನೆ. ದಿನಕ್ಕೊಂದು ಗಂಟೆ ನಡೆದರೆ ಯಾವುದೂ ಬೇಡ ಎಂಬುದು ಅಳಿಯನ ವಾದ. ಯಾರ ಸಲುವಾಗಿ ಇಷ್ಟೆಲ್ಲ ಚರ್ಚೆಯೋ ಆ ಅಪ್ಪ ಮಾತ್ರ "ನನಗೇನಾಗಿದೆ?" ಎನ್ನುತ್ತಾ ಪತ್ರಿಕೆ ಓದುತ್ತಿರುತ್ತಾರೆ. ರೋಗನಿರೋಧಕ ಶಕ್ತಿ ಹೆಚ್ಚಿಸಲು ಇವುಗಳಲ್ಲಿ ಯಾವುದು ಒಳ್ಳೆಯದು ಎಂದು ಕೊನೆಗೆ ನನ್ನನ್ನು ಕೇಳುತ್ತಾರೆ.

ನಾಲ್ವರಲ್ಲಿ ಪೂರ್ತಿ ತಪ್ಪಿರುವವರು ಅಪ್ಪ ಒಬ್ಬರೇ. ಉಳಿದ ಮೂವರ ಮಾತಿನಲ್ಲೂ ಒಂದಿಷ್ಟು ಹುರುಳಿದೆ. ಆದರೆ ಪ್ರಶ್ನೆಯಲ್ಲಿರುವ 'ಹೆಚ್ಚಿಸು' ಎಂಬ ಪದವೇ ದಾರಿ ತಪ್ಪಿಸುತ್ತದೆ. ವಯಸ್ಸಾದಂತೆ ನಮ್ಮ ಕಾವಲು ಪಡೆ ತೊಟ್ಟಿಯ ನೀರಿನ ಹಾಗೆ ಒಂದೇ ಸಮನೆ ಇಳಿಯುವುದಿಲ್ಲ. ಒಂದು ಕಡೆ ಕೊರತೆ, ಇನ್ನೊಂದು ಕಡೆ ಅತಿ ಎಂಬಂತೆ ಅದು ವಾಲುತ್ತದೆ. ಯಾವ ಕಡೆಗೆ ವಾಲಿದೆ ಎಂದು ತಿಳಿದರೆ ಊರುಗೋಲನ್ನು ಎಲ್ಲಿ ಊರಬೇಕೆಂಬುದೂ ತಿಳಿಯುತ್ತದೆ.

ವಾಲಿರುವುದು ಎಲ್ಲಿ

ಎದೆಯ ಮೂಳೆಯ ಹಿಂದೆ, ಹೃದಯದ ಮೇಲ್ಗಡೆ, ಥೈಮಸ್ ಎಂಬ ಗ್ರಂಥಿಯಿದೆ. ಅದರ ನಿಜವಾದ ಕೆಲಸವನ್ನು ಜಾಕ್ ಮಿಲ್ಲರ್ ತೋರಿಸಿಕೊಟ್ಟದ್ದು 1961ರಲ್ಲಿ. ಮೂಳೆಮಜ್ಜೆಯಲ್ಲಿ ಹುಟ್ಟಿದ ಎಳೆಯ ಜೀವಕೋಶಗಳು ಇಲ್ಲಿಗೆ ಬಂದು, ನಮ್ಮವರು ಯಾರು, ಹೊರಗಿನವರು ಯಾರು ಎಂದು ಕಲಿತು ಟಿ ಕೋಶಗಳಾಗಿ ಹೊರಬೀಳುತ್ತವೆ. 'ಟಿ' ಎಂಬ ಅಕ್ಷರವೂ ಥೈಮಸ್‌ನದೇ. ಬಾಲ್ಯದಲ್ಲಿ ತುಂಬಿ ತುಳುಕುವ ಈ ಶಾಲೆ ಹರೆಯದ ನಂತರ ಒಂದೊಂದೇ ಕೊಠಡಿಯನ್ನು ಮುಚ್ಚುತ್ತಾ ಬರುತ್ತದೆ. ಖಾಲಿಯಾದ ಜಾಗಕ್ಕೆ ಕೊಬ್ಬು ಬಂದು ಕೂರುತ್ತದೆ. 60 ದಾಟುವ ಹೊತ್ತಿಗೆ ಹೊಸದಾಗಿ ತೇರ್ಗಡೆಯಾಗಿ ಬರುವ ಟಿ ಕೋಶಗಳು ತೀರ ಕಡಿಮೆ. ಹಾಗಾಗಿ ದೇಹ ಹಿಂದೆಂದೂ ಕಾಣದ ರೋಗಾಣು ಬಂದಾಗ ಅದನ್ನು ಗುರುತಿಸುವ ಕೋಶ ಸಿಗುವುದು ಕಷ್ಟವಾಗುತ್ತದೆ.

ಹಾಗೆಂದು ಶಾಲೆ ಪೂರ್ತಿ ಮುಚ್ಚಿಹೋಗಿರುವುದಿಲ್ಲ. ಹೃದಯದ ಶಸ್ತ್ರಚಿಕಿತ್ಸೆ ಮಾಡುವಾಗ ಕೆಲವೊಮ್ಮೆ ದಾರಿಗೆ ಅಡ್ಡವೆಂದು ಥೈಮಸ್ಸನ್ನು ತೆಗೆಯುವುದುಂಟು. ಹಾಗೆ ತೆಗೆಸಿಕೊಂಡ ವಯಸ್ಕರನ್ನು, ಅಂಥದ್ದೇ ಶಸ್ತ್ರಚಿಕಿತ್ಸೆಯಾದರೂ ಥೈಮಸ್ ಉಳಿಸಿಕೊಂಡವರೊಂದಿಗೆ ಹೋಲಿಸಿದ ಅಮೆರಿಕದ ಅಧ್ಯಯನವೊಂದು 2023ರಲ್ಲಿ ಪ್ರಕಟವಾಯಿತು. ಐದು ವರ್ಷಗಳೊಳಗೆ ಸತ್ತವರು ಮೊದಲ ಗುಂಪಿನಲ್ಲಿ ಶೇಕಡಾ 8.1, ಎರಡನೆಯದರಲ್ಲಿ ಶೇಕಡಾ 2.8. ಕ್ಯಾನ್ಸರ್ ಸುಮಾರು ಎರಡು ಪಟ್ಟು. ನಿಷ್ಪ್ರಯೋಜಕವೆಂದು ತಿಳಿದಿದ್ದ ಮುದಿ ಗ್ರಂಥಿ ಅಷ್ಟಿಷ್ಟು ದುಡಿಯುತ್ತಲೇ ಇತ್ತು ಎಂದಾಯಿತು.

ಹೊಸಬರು ಬಾರದಿದ್ದಾಗ ಹಳಬರೇ ಜಾಗ ಹಿಡಿಯುತ್ತಾರೆ. ಸೈಟೋಮೆಗಾಲೋ ಎಂಬ ವೈರಾಣು ಲೋಕದ ಬಹುಪಾಲು ವಯಸ್ಕರ ಮೈಯಲ್ಲಿ ಸದ್ದಿಲ್ಲದೆ ಅಡಗಿದೆ. ಅದೊಂದನ್ನೇ ಕಾಯುವ ಟಿ ಕೋಶಗಳು ವರ್ಷ ಕಳೆದಂತೆ ಸಂಖ್ಯೆಯಲ್ಲಿ ಉಬ್ಬುತ್ತಾ ಹೋಗುತ್ತವೆ. ಪ್ರತಿಕಾಯ ತಯಾರಿಸುವ ಬಿ ಕೋಶಗಳು ಕೆಲಸ ಮಾಡುತ್ತವೆ, ಆದರೆ ಅವು ಮಾಡಿಕೊಟ್ಟ ಬೀಗದ ಕೈ ಮೊದಲಿನಷ್ಟು ಸರಿಯಾಗಿ ಕೂರುವುದಿಲ್ಲ. ಗಾಯದ ಜಾಗಕ್ಕೆ ಮೊದಲು ಓಡುವ ನ್ಯೂಟ್ರೋಫಿಲ್‌ಗಳ ಲೆಕ್ಕ ರಕ್ತಪರೀಕ್ಷೆಯಲ್ಲಿ ಸರಿಯಾಗಿಯೇ ಕಾಣುತ್ತದೆ. ಆದರೆ ಅವು ನೇರ ದಾರಿ ಬಿಟ್ಟು ಸುತ್ತಿ ಬಳಸಿ ತಲುಪುತ್ತವೆ.

ಇದು ಕೊರತೆಯ ಮಾತಾಯಿತು. ಅತಿಯಾಗಿರುವುದು ಉರಿಯೂತ. ಗಾಯವಿಲ್ಲ, ಸೋಂಕಿಲ್ಲ, ಆದರೂ ರಕ್ತದಲ್ಲಿ ಉರಿಯೂತದ ರಾಸಾಯನಿಕಗಳು ಸದಾ ಒಂದಿಷ್ಟು ಹೆಚ್ಚೇ ಇರುತ್ತವೆ. ಇಟಲಿಯ ವಿಜ್ಞಾನಿ ಕ್ಲಾಡಿಯೋ ಫ್ರಾನ್ಚೆಸ್ಕಿ ಮತ್ತು ಸಂಗಡಿಗರು 2000ದಲ್ಲಿ ಮುಪ್ಪು, ಉರಿಯೂತ ಎರಡನ್ನೂ ಸೇರಿಸಿ ಇದಕ್ಕೊಂದು ಹೆಸರಿಟ್ಟರು. ಬೂದಿ ಮುಚ್ಚಿದ ಕೆಂಡ ಎಂದರೆ ನಮಗೆ ಬೇಗ ಅರ್ಥವಾಗುತ್ತದೆ. ಹೊಟ್ಟೆಯ ಕೊಬ್ಬು, ಒಸಡಿನ ಕಾಯಿಲೆ, ಸಾಯಲೊಲ್ಲದ ಮುದಿ ಜೀವಕೋಶಗಳು, ಎಲ್ಲವೂ ಆ ಕೆಂಡಕ್ಕೆ ಗಾಳಿ ಹಾಕುತ್ತವೆ. ರಕ್ತನಾಳಗಳೂ ಸ್ನಾಯುಗಳೂ ಸವೆಯುವುದರಲ್ಲಿ ಇದರ ಪಾಲಿದೆ.

ಈ ವಾಲಿಕೆ ಹೊರಗೆ ಹೇಗೆ ಕಾಣುತ್ತದೆ ಎಂಬುದನ್ನು ನಾನು ಕಂಡದ್ದು ನನ್ನ ಸೋದರಮಾವನಲ್ಲಿ. 78ನೆಯ ವಯಸ್ಸಿನಲ್ಲಿ ಅವರಿಗೆ ನ್ಯುಮೋನಿಯಾ ಆಯಿತು. ಜ್ವರ ಹಣೆ ಮುಟ್ಟಿದರೆ ತಿಳಿಯುವಷ್ಟಿರಲಿಲ್ಲ, ಕೆಮ್ಮೂ ಅಷ್ಟಕ್ಕಷ್ಟೆ. ಬೆಳಗ್ಗೆ ಎದ್ದವರು ಅಂಗಿಯ ಗುಂಡಿಯನ್ನು ತಪ್ಪು ಕಾಜಕ್ಕೆ ಸಿಕ್ಕಿಸಿಕೊಂಡು, ತೋರಿಸಿ ಹೇಳಿದರೂ ತಿಳಿಯದೆ ಹಾಗೇ ಕುಳಿತಿದ್ದರು. ಮಧ್ಯಾಹ್ನ ಮಗಳನ್ನು ತಂಗಿಯ ಹೆಸರಿನಿಂದ ಕರೆದರು. ವಯಸ್ಸಿನ ಮರೆವು ಎಂದುಕೊಂಡು ನಾವು ಒಂದು ಇಡೀ ದಿನ ಕಳೆದೆವು. ಎಕ್ಸ್‌ರೇಯಲ್ಲಿ ಬಲ ಶ್ವಾಸಕೋಶದ ತಳ ಬೆಳ್ಳಗೆ ಮುಸುಕಿತ್ತು.

ಅಳೆಯುವ ಕೋಲು

ಆಯ್ಕೆಗಳನ್ನು ತೂಗುವ ಮೊದಲು ತಕ್ಕಡಿ ಸರಿಯಿರಬೇಕು. ನಾನು ಮೊದಲು ನೋಡುವುದು ಪರೀಕ್ಷೆಯಲ್ಲಿ ಎಣಿಸಿದ್ದು ಕಾಯಿಲೆಯನ್ನೋ, ರಕ್ತದ ಅಂಕಿಯನ್ನೋ ಎಂಬುದನ್ನು. 'ಇಂಥ ಕೋಶಗಳು ಶೇಕಡಾ ಇಷ್ಟು ಹೆಚ್ಚಿದವು' ಎಂದರೆ ನ್ಯುಮೋನಿಯಾ ಕಡಿಮೆಯಾಯಿತು ಎಂದು ಅರ್ಥವಲ್ಲ. ಬಹಳಷ್ಟು ಉತ್ಪನ್ನಗಳು ಈ ಮೊದಲ ಹೊಸ್ತಿಲಲ್ಲೇ ಎಡವುತ್ತವೆ.

ಎರಡನೆಯದು, ಪರೀಕ್ಷೆ ನಡೆದದ್ದು ಯಾರ ಮೇಲೆ. 25 ವಯಸ್ಸಿನವರಲ್ಲಿ ಕಂಡ ಫಲ 75ರವರಿಗೆ ತಾನಾಗಿ ದಾಟಿ ಬರುವುದಿಲ್ಲ. ಮೂರನೆಯದು, ಫಲ ಎಷ್ಟು ಕಾಲ ಉಳಿಯುತ್ತದೆ, ಅದಕ್ಕಾಗಿ ಎಷ್ಟು ಸಲ ಮೈ ಬಗ್ಗಿಸಬೇಕು. ನಾಲ್ಕನೆಯದು, ಯಾರಿಗೆ ಕೆಡುಕು. ಕೊನೆಯದು ಖರ್ಚು. ಇಲ್ಲಿ ಖರ್ಚೆಂದರೆ ಹಣ ಮಾತ್ರವಲ್ಲ, ಹಟವೂ ಹೌದು. ಒಮ್ಮೆ ಹಣ ಕೊಟ್ಟು ಮುಗಿಸುವುದು ಕೆಲವರಿಗೆ ಸುಲಭ. ಹಣವಿಲ್ಲದಿದ್ದರೂ ದಿನವೂ ಬೆವರು ಸುರಿಸಬಲ್ಲೆ ಎನ್ನುವವರೂ ಇದ್ದಾರೆ.

ಲಸಿಕೆ: ಯಾವುದು ಎಂಬುದೇ ದೊಡ್ಡ ಪ್ರಶ್ನೆ

ಲಸಿಕೆಯಲ್ಲೊಂದು ತೊಡಕಿದೆ. ಅದು ಕೆಲಸ ಮಾಡಬೇಕಾದದ್ದು ಮುಪ್ಪಡರಿದ ಅದೇ ವ್ಯವಸ್ಥೆಯ ಮೂಲಕ. ಹಾಗಾಗಿ ಎಳೆಯರಿಗೆ ಸಾಕಾಗುವ ಲಸಿಕೆ ಹಿರಿಯರಿಗೆ ಸಾಲದೆ ಹೋಗಬಹುದು. ಒಂದೇ ಕಾಯಿಲೆಗೆ ಎರಡು ಲಸಿಕೆಗಳಿದ್ದಾಗ ಎಷ್ಟು ಅಂತರ ಬೀಳಬಲ್ಲದು ಎಂಬುದಕ್ಕೆ ಸರ್ಪಸುತ್ತಿಗಿಂತ ಸ್ಪಷ್ಟವಾದ ಉದಾಹರಣೆ ಇಲ್ಲ.

ಸೀತಾಳೆ ಸಿಡುಬು ಬಂದುಹೋದ ಮೇಲೆ ಅದರ ವೈರಾಣು ನರಗಳ ಬುಡದಲ್ಲಿ ದಶಕಗಟ್ಟಲೆ ಮಲಗಿರುತ್ತದೆ. ಅದನ್ನು ಮಲಗಿಸಿಟ್ಟಿರುವುದು ಟಿ ಕೋಶಗಳು. ಕಾವಲು ಸಡಿಲವಾದ ದಿನ ಅದು ನರದ ಗುಂಟ ಹೊರಟು ಚರ್ಮದ ಮೇಲೆ ಗುಳ್ಳೆಗಳ ಪಟ್ಟಿಯಾಗಿ ಏಳುತ್ತದೆ. ಸುಮಾರು ಮೂವರಲ್ಲಿ ಒಬ್ಬರಿಗೆ ಬದುಕಿನ ಯಾವುದೋ ಘಟ್ಟದಲ್ಲಿ ಇದು ಬರುತ್ತದೆ. ಗುಳ್ಳೆ ಒಣಗಿದ ಮೇಲೂ ಕೆಲವರಲ್ಲಿ ನೋವು ತಿಂಗಳುಗಟ್ಟಲೆ ಉಳಿಯುತ್ತದೆ. ಬನಿಯನ್ನಿನ ಬಟ್ಟೆ ತಾಗಿದರೂ ಉರಿ, ಫ್ಯಾನಿನ ಗಾಳಿ ಸೋಕಿದರೂ ಉರಿ. ವಯಸ್ಸು ಹೆಚ್ಚಿದಷ್ಟೂ ಈ ನೋವು ಉಳಿಯುವ ಸಂಭವ ಹೆಚ್ಚು.

ಮೊದಲ ಲಸಿಕೆ ಜೋಸ್ಟಾವ್ಯಾಕ್ಸ್‌ಗೆ ಅಮೆರಿಕದಲ್ಲಿ ಒಪ್ಪಿಗೆ ಸಿಕ್ಕಿದ್ದು 2006ರಲ್ಲಿ. ಅದು ದುರ್ಬಲಗೊಳಿಸಿದ ಜೀವಂತ ವೈರಾಣು, ಮಕ್ಕಳ ಸೀತಾಳೆ ಸಿಡುಬಿನ ಲಸಿಕೆಯಲ್ಲಿರುವುದಕ್ಕಿಂತ ಕನಿಷ್ಠ 14 ಪಟ್ಟು ಹೆಚ್ಚು. 60 ದಾಟಿದ 38,000ಕ್ಕೂ ಹೆಚ್ಚು ಜನರ ಪರೀಕ್ಷೆಯಲ್ಲಿ ಅದು ಸರ್ಪಸುತ್ತನ್ನು ಶೇಕಡಾ 51ರಷ್ಟು ತಗ್ಗಿಸಿತು. ಅಂದರೆ ಲಸಿಕೆಯಿಲ್ಲದ ಗುಂಪಿನಲ್ಲಿ 100 ಜನರಿಗೆ ಬಂದಾಗ, ಲಸಿಕೆ ಪಡೆದ ಅಷ್ಟೇ ದೊಡ್ಡ ಗುಂಪಿನಲ್ಲಿ 49 ಜನರಿಗೆ ಬಂತು. ಆದರೆ ಈ ಸರಾಸರಿಯನ್ನು ಒಡೆದು ನೋಡಬೇಕು. 60ರಿಂದ 69ರವರಲ್ಲಿ ಶೇಕಡಾ 64 ಇದ್ದದ್ದು 70 ದಾಟಿದವರಲ್ಲಿ ಶೇಕಡಾ 38ಕ್ಕೆ ಕುಸಿಯಿತು. ಯಾರಿಗೆ ಹೆಚ್ಚು ಬೇಕೋ ಅವರಿಗೇ ಕಡಿಮೆ! ಸಿಕ್ಕ ರಕ್ಷಣೆಯೂ ಏಳೆಂಟು ವರ್ಷಗಳಲ್ಲಿ ಬಹುಪಾಲು ಕರಗುತ್ತದೆ.

2017ರಲ್ಲಿ ಬಂದ ಶಿಂಗ್ರಿಕ್ಸ್‌ನ ದಾರಿ ಬೇರೆ. ಅದರಲ್ಲಿ ಜೀವಂತ ವೈರಾಣು ಇಲ್ಲ, ವೈರಾಣುವಿನ ಒಂದೇ ಒಂದು ಪ್ರೋಟೀನ್ ಇದೆ. ಜೊತೆಗೊಂದು ಪ್ರಚೋದಕ ಮಿಶ್ರಣವಿದೆ. ಅದರ ಒಂದು ಅಂಶವನ್ನು ಚಿಲಿ ದೇಶದ ಕಿಲಾಯಾ ಮರದ ತೊಗಟೆಯಿಂದ ತೆಗೆಯುತ್ತಾರೆ. ತೂಕಡಿಸುವ ಕಾವಲುಗಾರನ ಭುಜ ಹಿಡಿದು ಅಲುಗಿಸುವ ಕೆಲಸ ಈ ಪ್ರಚೋದಕದ್ದು. 50 ದಾಟಿದವರಲ್ಲಿ ಶೇಕಡಾ 97, 70 ದಾಟಿದವರಲ್ಲೂ ಸುಮಾರು ಶೇಕಡಾ 90 ರಕ್ಷಣೆ ಸಿಕ್ಕಿತು. ಹತ್ತು ವರ್ಷ ಕಳೆದ ಮೇಲೂ ಅದು ಶೇಕಡಾ 70ಕ್ಕಿಂತ ಮೇಲೇ ಇತ್ತು. ಥೈಮಸ್ ಸೊರಗಿದೆ ಎಂದು ಕೈಚೆಲ್ಲಬೇಕಾಗಿಲ್ಲ ಎಂಬುದಕ್ಕೆ ನನಗೆ ತಿಳಿದ ಅತ್ಯುತ್ತಮ ಪುರಾವೆ ಇದು. ಹಳೆಯ ನೆನಪುಳ್ಳ ಕೋಶಗಳು ಇನ್ನೂ ಇವೆ, ಅವನ್ನು ಸರಿಯಾಗಿ ಎಬ್ಬಿಸಬೇಕು ಅಷ್ಟೆ.

ಇದಕ್ಕೆ ತೆರುವುದೇನು? ಎರಡರಿಂದ ಆರು ತಿಂಗಳ ಅಂತರದಲ್ಲಿ ಎರಡು ಚುಚ್ಚುಮದ್ದು. ತೋಳು ನೋವು, ಮೈಕೈ ನೋವು, ನಡುಕ. ಸುಮಾರು ಆರರಲ್ಲಿ ಒಬ್ಬರಿಗೆ ಒಂದೆರಡು ದಿನ ದಿನಚರಿಯೇ ನಿಲ್ಲುವಷ್ಟು. ಎರಡನೆಯ ಚುಚ್ಚುಮದ್ದನ್ನು ಮದುವೆಯ ಮನೆಗೋ ಪ್ರಯಾಣಕ್ಕೋ ಹೊರಡುವ ಹಿಂದಿನ ದಿನ ಹಾಕಿಸಿಕೊಳ್ಳಬೇಡಿ. ಬೆಲೆಯೂ ಹಳೆಯದಕ್ಕಿಂತ ಹೆಚ್ಚು. ಆದರೂ ಎರಡೂ ಸಿಗುವಲ್ಲಿ ನನ್ನ ಮಟ್ಟಿಗೆ ಇದು ಚರ್ಚೆಗೆ ಎಡೆಯಿಲ್ಲದ ಆಯ್ಕೆ. ಅಮೆರಿಕದಲ್ಲಿ ಹಳೆಯ ಲಸಿಕೆಯ ಮಾರಾಟ 2020ರಲ್ಲೇ ನಿಂತಿತು. ಜೀವಂತ ಲಸಿಕೆ ಮಾತ್ರ ಸಿಗುವ ಕಡೆ, 60ರ ಆಸುಪಾಸಿನ ಆರೋಗ್ಯವಂತರು ಏನೂ ಇಲ್ಲದಿರುವುದಕ್ಕಿಂತ ಅದನ್ನು ಪಡೆಯುವುದು ಮೇಲು. ರೋಗನಿರೋಧಕ ವ್ಯವಸ್ಥೆಯನ್ನು ತಗ್ಗಿಸುವ ಔಷಧಿ ಸೇವಿಸುವವರು ಅದನ್ನು ಮುಟ್ಟಬಾರದು.

ಆ ಹಳೆಯ ಲಸಿಕೆಯ ಬಗ್ಗೆ ಇನ್ನೊಂದು ಮಾತು. ವೇಲ್ಸ್‌ನಲ್ಲಿ 2013ರಲ್ಲಿ ಅದನ್ನು ಕೊಡಲು ಆರಂಭಿಸಿದಾಗ 1933ರ ಸೆಪ್ಟೆಂಬರ್ 2ರಂದು ಅಥವಾ ಆಮೇಲೆ ಹುಟ್ಟಿದವರಿಗೆ ಮಾತ್ರ ಅರ್ಹತೆ ಇತ್ತು. ಒಂದೆರಡು ವಾರ ಮೊದಲು ಹುಟ್ಟಿದವರಿಗೆ ಸಿಗಲಿಲ್ಲ. ಈ ಎರಡು ಗುಂಪುಗಳನ್ನು ಏಳು ವರ್ಷ ಹಿಂಬಾಲಿಸಿದ ಸಂಶೋಧಕರು, ಲಸಿಕೆ ಪಡೆದವರಲ್ಲಿ ಡಿಮೆನ್ಶಿಯಾ ಸುಮಾರು ಐದನೇ ಒಂದು ಭಾಗ ಕಡಿಮೆ ಎಂದು 2025ರಲ್ಲಿ ವರದಿ ಮಾಡಿದರು. ಮರೆವು ತಡೆಯಲೆಂದೇ ಲಸಿಕೆ ಹಾಕಿಸಿಕೊಳ್ಳಿ ಎಂದು ಇದರ ಆಧಾರದ ಮೇಲೆ ನಾನು ಹೇಳಲಾರೆ. ಆದರೆ ತಕ್ಕಡಿಯ ಒಂದು ತಟ್ಟೆಗೆ ಒಂದು ಗುಲಗಂಜಿ ತೂಕ ಸೇರಿತೆಂದು ಹೇಳಲು ಅಡ್ಡಿಯಿಲ್ಲ.

ಫ್ಲೂ ಲಸಿಕೆಯಲ್ಲಿ ಆಯ್ಕೆ ಇಷ್ಟು ಸುಲಭವಲ್ಲ. ಹಿರಿಯರಿಗೆಂದು ಬಲಪಡಿಸಿದ ಬಗೆಗಳಿವೆ. ಒಂದರಲ್ಲಿ ಪ್ರತಿ ತಳಿಗೂ ಸಾಮಾನ್ಯ ಲಸಿಕೆಯ ನಾಲ್ಕು ಪಟ್ಟು ಪ್ರತಿಜನಕ (ಕಾವಲು ಪಡೆ ಗುರುತು ಹಿಡಿಯಲು ಕಲಿಯುವ ವೈರಾಣುವಿನ ಅಂಶ), ಅಂದರೆ 15 ಮೈಕ್ರೋಗ್ರಾಂ ಬದಲು 60. ಇನ್ನೊಂದರಲ್ಲಿ ಸ್ಕ್ವಾಲೀನ್ ಎಣ್ಣೆಯ ಪ್ರಚೋದಕ. ಮೂರನೆಯದು ಮೊಟ್ಟೆಯ ಹಂಗಿಲ್ಲದೆ ತಯಾರಾಗುವಂಥದ್ದು, ಮೂರು ಪಟ್ಟು ಪ್ರತಿಜನಕವುಳ್ಳದ್ದು. 65 ದಾಟಿದ ಸುಮಾರು 32,000 ಜನರ ಮೇಲಿನ ಪರೀಕ್ಷೆಯೊಂದರಲ್ಲಿ ನಾಲ್ಕು ಪಟ್ಟಿನ ಲಸಿಕೆ ಸಾಮಾನ್ಯ ಲಸಿಕೆಗಿಂತ ಶೇಕಡಾ 24ರಷ್ಟು ಉತ್ತಮವೆನಿಸಿತು. ಕೇಳಲು ದೊಡ್ಡದು. ಆದರೆ ಬರಿಯ ಎಣಿಕೆಯಲ್ಲಿ ಫ್ಲೂ ಬಂದವರು ಒಂದು ಗುಂಪಿನಲ್ಲಿ ಶೇಕಡಾ 1.9, ಇನ್ನೊಂದರಲ್ಲಿ ಶೇಕಡಾ 1.4. ಡೆನ್ಮಾರ್ಕಿನಲ್ಲಿ ಮೂರು ಲಕ್ಷಕ್ಕೂ ಹೆಚ್ಚು ಹಿರಿಯರ ಮೇಲೆ ನಡೆದು 2025ರಲ್ಲಿ ಪ್ರಕಟವಾದ ಪರೀಕ್ಷೆಯಲ್ಲಿ, ಫ್ಲೂ ಅಥವಾ ನ್ಯುಮೋನಿಯಾದಿಂದ ಆಸ್ಪತ್ರೆ ಸೇರುವುದರಲ್ಲಿ ಎರಡರ ನಡುವೆ ಖಚಿತ ವ್ಯತ್ಯಾಸ ಕಾಣಲಿಲ್ಲ.

ಆದ್ದರಿಂದ ಫ್ಲೂ ವಿಷಯದಲ್ಲಿ ನನ್ನ ಸಲಹೆ ಸರಳ. ಬಲಪಡಿಸಿದ ಲಸಿಕೆ ಸುಲಭವಾಗಿ ಸಿಕ್ಕರೆ ಅದನ್ನೇ ಪಡೆಯಿರಿ. ಅದಕ್ಕಾಗಿ ಎರಡು ತಿಂಗಳು ಕಾಯುವುದಾದರೆ, ಅಥವಾ ಸಾಲ ಮಾಡುವುದಾದರೆ, ಇರುವ ಸಾಮಾನ್ಯ ಲಸಿಕೆಯನ್ನು ಫ್ಲೂ ಕಾಲ ಆರಂಭವಾಗುವ ಮೊದಲೇ ಹಾಕಿಸಿಕೊಳ್ಳಿ. ಯಾವ ಬಗೆಯಾದರೂ ಪ್ರತಿ ವರ್ಷವೂ ಹಾಕಿಸಬೇಕು. ವೈರಾಣು ವೇಷ ಬದಲಿಸುತ್ತದೆ, ರಕ್ಷಣೆಯೂ ಕೆಲವೇ ತಿಂಗಳಲ್ಲಿ ಇಳಿಯುತ್ತದೆ.

ನ್ಯುಮೋನಿಯಾ ತರುವ ನ್ಯುಮೋಕಾಕಸ್ ಬ್ಯಾಕ್ಟೀರಿಯಾದ ಲಸಿಕೆಯಲ್ಲಿ ಮತ್ತೆ ವಿನ್ಯಾಸದ್ದೇ ಆಟ. 23 ತಳಿಗಳ ಹಳೆಯ ಲಸಿಕೆ ಬ್ಯಾಕ್ಟೀರಿಯಾದ ಸಕ್ಕರೆಯ ಹೊದಿಕೆಯನ್ನು ಮಾತ್ರ ತೋರಿಸುತ್ತದೆ. ಅದಕ್ಕೆ ಟಿ ಕೋಶಗಳ ನೆರವು ಸಿಗದು, ನೆನಪು ಉಳಿಯದು, ವರ್ಷಗಳು ಕಳೆದಂತೆ ರಕ್ಷಣೆ ತಗ್ಗುತ್ತದೆ. ಅದೇ ಸಕ್ಕರೆಯನ್ನು ಪ್ರೋಟೀನಿಗೆ ಜೋಡಿಸಿದ ಸಂಯೋಜಿತ ಲಸಿಕೆ ಟಿ ಕೋಶಗಳನ್ನೂ ಎಬ್ಬಿಸುತ್ತದೆ. ನೆದರ್ಲೆಂಡ್ಸ್‌ನಲ್ಲಿ 65 ದಾಟಿದ ಸುಮಾರು 84,500 ಜನರ ಮೇಲೆ 13 ತಳಿಗಳ ಸಂಯೋಜಿತ ಲಸಿಕೆಯನ್ನು ಪರೀಕ್ಷಿಸಿದಾಗ, ಆ ತಳಿಗಳ ನ್ಯುಮೋನಿಯಾ ಶೇಕಡಾ 45ರಷ್ಟೂ, ರಕ್ತಕ್ಕೆ ಹರಡುವ ತೀವ್ರ ಸೋಂಕು ಶೇಕಡಾ 75ರಷ್ಟೂ ಕಡಿಮೆಯಾದವು. ಈಗ 20 ಮತ್ತು 21 ತಳಿಗಳ ಸಂಯೋಜಿತ ಲಸಿಕೆಗಳು ಬಂದಿವೆ, ಬಹುಪಾಲು ಜನರಿಗೆ ಒಂದೇ ಸಲ ಸಾಕು. ಕೈಯಲ್ಲಿರುವ ಹಣ ಒಂದೇ ಲಸಿಕೆಗೆ ಸಾಲುವಂತಿದ್ದರೆ, ಅದರಲ್ಲೂ ಶ್ವಾಸಕೋಶ, ಹೃದಯ ಅಥವಾ ಸಕ್ಕರೆ ಕಾಯಿಲೆ ಇದ್ದರೆ, ನಾನು ಮೊದಲು ಬೆರಳು ತೋರಿಸುವುದು ಇದರ ಕಡೆಗೆ.

ಆರ್‌ಎಸ್‌ವಿ ಎಂಬ ಉಸಿರಾಟದ ವೈರಾಣುವಿಗೆ ಲಸಿಕೆ ಸಿಕ್ಕಿದ್ದು 2023ರಲ್ಲಿ. 75 ದಾಟಿದವರಿಗೆ, ಅದಕ್ಕಿಂತ ಚಿಕ್ಕವರಲ್ಲಿ ಹೃದಯ, ಶ್ವಾಸಕೋಶ ದುರ್ಬಲವಾಗಿರುವವರಿಗೆ ಇದು ಲೆಕ್ಕಕ್ಕೆ ಬರುತ್ತದೆ. 60ರ ಆರೋಗ್ಯವಂತರು ಕಾದು ನೋಡಬಹುದು.

ನಡಿಗೆ, ನಿದ್ದೆ

ಅಳಿಯನ ವಾದಕ್ಕೆ ಬರೋಣ. 2018ರಲ್ಲಿ ಬ್ರಿಟನ್ನಿನ ಸಂಶೋಧಕರು 55ರಿಂದ 79 ವಯಸ್ಸಿನ 125 ಹವ್ಯಾಸಿ ಸೈಕಲ್ ಸವಾರರನ್ನು ಪರೀಕ್ಷಿಸಿದರು. ದಶಕಗಳಿಂದ ಸೈಕಲ್ ತುಳಿದ ಇವರ ಥೈಮಸ್‌ನಿಂದ ಹೊಸ ಟಿ ಕೋಶಗಳು ಹರೆಯದವರಷ್ಟೇ ಹೊರಬರುತ್ತಿದ್ದವು. ದುಡಿಯುವ ಸ್ನಾಯು ಇಂಟರ್‌ಲ್ಯೂಕಿನ್-7 ಎಂಬ ರಾಸಾಯನಿಕವನ್ನು ಬಿಡುಗಡೆ ಮಾಡುತ್ತದೆ, ಅದು ಥೈಮಸ್‌ಗೆ ಪೋಷಣೆ. ಬೂದಿಯೊಳಗಿನ ಕೆಂಡವನ್ನು ತಣ್ಣಗಾಗಿಸುವುದರಲ್ಲೂ ವ್ಯಾಯಾಮಕ್ಕೆ ಸಾಟಿಯಾದ ಮಾತ್ರೆ ನನಗಂತೂ ಗೊತ್ತಿಲ್ಲ.

ಆದರೆ ನನ್ನ ಕೋಲಿನಿಂದ ಅಳೆದರೆ ಇಲ್ಲೊಂದು ಬಿರುಕು ಕಾಣುತ್ತದೆ. ಎಣಿಸಿದ್ದು ಕೋಶಗಳನ್ನು, ಕಾಯಿಲೆಯನ್ನಲ್ಲ. ಮೂವತ್ತು ವರ್ಷ ಸೈಕಲ್ ತುಳಿದವರು ಮೊದಲಿನಿಂದಲೇ ಗಟ್ಟಿಗರಾಗಿದ್ದಿರಲೂಬಹುದು. 70ರಲ್ಲಿ ಚಪ್ಪಲಿ ಮೆಟ್ಟಿ ಹೊರಟವರಿಗೆ ಅದೇ ಫಲ ಸಿಗುತ್ತದೆಂದು ಈ ಅಧ್ಯಯನ ಹೇಳುವುದಿಲ್ಲ. ಆದರೂ ನಾನು ನಡಿಗೆಗೆ ಮತ ಹಾಕುತ್ತೇನೆ. ಏಕೆಂದರೆ ಅದರ ಲಾಭ ಹೃದಯ, ಮೂಳೆ, ಸಕ್ಕರೆ, ಮನಸ್ಸು ಎಲ್ಲಕ್ಕೂ ಹರಡುತ್ತದೆ, ಖರ್ಚು ಬಹುತೇಕ ಸೊನ್ನೆ. ವಿಶ್ವ ಆರೋಗ್ಯ ಸಂಸ್ಥೆ ಹೇಳುವುದು ವಾರಕ್ಕೆ 150ರಿಂದ 300 ನಿಮಿಷ ಮಧ್ಯಮ ಶ್ರಮ, ಎರಡು ದಿನ ಸ್ನಾಯು ಬಲಪಡಿಸುವ ವ್ಯಾಯಾಮ, 65 ದಾಟಿದವರಿಗೆ ಮೂರು ದಿನ ಸಮತೋಲನದ ಅಭ್ಯಾಸ. ಮೊದಲನೆಯದನ್ನು ಮಾಡಿ ಉಳಿದೆರಡನ್ನು ಬಿಡುವವರೇ ಹೆಚ್ಚು. ಕುರ್ಚಿಯಿಂದ ಕೈ ಊರದೆ ಹತ್ತು ಸಲ ಎದ್ದು ಕೂರುವುದು ಕೂಡ ಸ್ನಾಯುವಿನ ಕೆಲಸವೇ.

ನಡಿಗೆ ಲಸಿಕೆಗೆ ಬದಲಿಯಲ್ಲ. ನಡಿಗೆಯಿಂದ ಪಡೆ ಚುರುಕಾಗಬಹುದು, ಬರಲಿರುವ ಶತ್ರುವಿನ ಚಹರೆ ಮಾತ್ರ ಅದಕ್ಕೆ ತಿಳಿಯುವುದಿಲ್ಲ.

ನಿದ್ದೆಯ ಬಗ್ಗೆ ಇರುವ ಪ್ರಸಿದ್ಧ ಪ್ರಯೋಗಗಳು ಹೆಚ್ಚಾಗಿ ಕಿರಿಯರ ಮೇಲಿನವು. ಮೂಗಿಗೆ ಶೀತದ ವೈರಾಣು ಬಿಟ್ಟು ನೋಡಿದ ಒಂದರಲ್ಲಿ, ಆರು ಗಂಟೆಗಿಂತ ಕಡಿಮೆ ಮಲಗಿದವರಿಗೆ ಶೀತ ಹಿಡಿಯುವ ಸಂಭವ ಏಳು ಗಂಟೆಗಿಂತ ಹೆಚ್ಚು ಮಲಗಿದವರಿಗಿಂತ ಸುಮಾರು ನಾಲ್ಕು ಪಟ್ಟಿತ್ತು. ಆದರೆ ಅವರೆಲ್ಲ 18ರಿಂದ 55ರವರು. ಹಿರಿಯರಿಗೆ ಹೇಳಬೇಕಾದ ಮಾತು ಬೇರೆಯೇ ಇದೆ: ನಿದ್ದೆ ಬರುತ್ತಿಲ್ಲವೆಂದು ತಾವೇ ನಿದ್ರಾಮಾತ್ರೆಗೆ ಕೈ ಹಾಕಬೇಡಿ. ರಾತ್ರಿ ಎದ್ದಾಗ ಬಿದ್ದು ಸೊಂಟ ಮುರಿದರೆ, ಆಸ್ಪತ್ರೆಯ ಹಾಸಿಗೆಯಲ್ಲಿ ಅಂಟುವ ಸೋಂಕು ನಿದ್ದೆಗೇಡಿಗಿಂತ ದೊಡ್ಡ ಶತ್ರು.

ಮಾತ್ರೆಯ ಡಬ್ಬಿ

ಮಗ ತಂದ ಡಬ್ಬಿಗಳಲ್ಲಿ ವಿಟಮಿನ್ ಡಿ ಮೊದಲನೆಯದು. ಆಸ್ಟ್ರೇಲಿಯಾದಲ್ಲಿ 60 ದಾಟಿದ 21,000ಕ್ಕೂ ಹೆಚ್ಚು ಜನರಿಗೆ ಐದು ವರ್ಷಗಳವರೆಗೆ ತಿಂಗಳಿಗೆ 60,000 ಯೂನಿಟ್ ವಿಟಮಿನ್ ಡಿ ಅಥವಾ ಖಾಲಿ ಮಾತ್ರೆ ಕೊಟ್ಟು ನೋಡಿದರು. ಉಸಿರಾಟದ ಸೋಂಕು ಬರುವುದು ಕಡಿಮೆಯಾಗಲಿಲ್ಲ. ಅಮೆರಿಕದ 25,871 ಜನರ ಪರೀಕ್ಷೆಯಲ್ಲಿ ದಿನಕ್ಕೆ 2,000 ಯೂನಿಟ್ ಸೇವಿಸಿದವರಲ್ಲಿ, ದೇಹ ತನ್ನ ಮೇಲೇ ದಾಳಿ ಮಾಡುವ ಕಾಯಿಲೆಗಳು ಐದು ವರ್ಷಗಳಲ್ಲಿ ಶೇಕಡಾ 22ರಷ್ಟು ಕಡಿಮೆಯಾದವು. ಗಮನಿಸಿ, ಇಲ್ಲಿ ಫಲ ಕಂಡದ್ದು ಕೊರತೆಯ ಕಡೆಯಲ್ಲಲ್ಲ, ಅತಿಯ ಕಡೆಯಲ್ಲಿ. ಮನೆಯಿಂದ ಹೊರಗೆ ಬಾರದವರಿಗೆ, ಬಿಸಿಲು ಕಾಣದವರಿಗೆ, ಪರೀಕ್ಷೆಯಲ್ಲಿ ಕೊರತೆ ಕಂಡವರಿಗೆ ಮಾತ್ರೆ ಬೇಕೇ ಬೇಕು. ಉಳಿದವರು ಅದರಿಂದ ಶೀತ, ಜ್ವರ ನಿಲ್ಲುತ್ತದೆಂದು ನಂಬಬಾರದು. ಮಿತಿ ಮೀರಿದರೆ ರಕ್ತದಲ್ಲಿ ಕ್ಯಾಲ್ಸಿಯಂ ಏರಿ ಮೂತ್ರಪಿಂಡಕ್ಕೆ ತೊಂದರೆ.

ಸತುವಿನ ಕತೆಯೂ ಇದೇ. ಕೊರತೆಯಿರುವ ಹಿರಿಯರಿಗೆ ಕೊಟ್ಟಾಗ ಸೋಂಕು ಕಡಿಮೆಯಾದ ಸಣ್ಣ ಪರೀಕ್ಷೆಗಳಿವೆ. ಕೊರತೆ ಇಲ್ಲದವರು ದಿನಕ್ಕೆ 40 ಮಿಲಿಗ್ರಾಂ ಮಿತಿಯನ್ನು ದಾಟಿ ತಿಂಗಳುಗಟ್ಟಲೆ ನುಂಗಿದರೆ ತಾಮ್ರದ ಕೊರತೆ ಉಂಟಾಗಿ, ಬಿಳಿ ರಕ್ತಕಣಗಳೇ ಇಳಿಯಬಹುದು. ಕಾವಲು ಹೆಚ್ಚಿಸಲು ಹೋಗಿ ಕಾವಲುಗಾರರನ್ನೇ ಕಳೆದುಕೊಂಡಂತೆ. ವಿಟಮಿನ್ ಸಿ ದಿನವೂ ಸೇವಿಸಿದರೆ ಸಾಮಾನ್ಯ ಜನರಲ್ಲಿ ಶೀತ ಬರುವುದು ನಿಲ್ಲುವುದಿಲ್ಲ, ಬಂದ ಶೀತ ಸ್ವಲ್ಪ ಬೇಗ ಹೋಗುತ್ತದೆ.

ಡಬ್ಬಿಗಳಿಗಿಂತ ಮೊದಲು ನೋಡಬೇಕಾದದ್ದು ಊಟದ ತಟ್ಟೆ. ಹಲ್ಲಿಲ್ಲದೆ, ಹಸಿವಿಲ್ಲದೆ, ಒಂಟಿಯಾಗಿ ಉಣ್ಣುವ ಬೇಸರದಿಂದ ಹಿರಿಯರ ಪ್ರೋಟೀನ್ ಸದ್ದಿಲ್ಲದೆ ಇಳಿಯುತ್ತದೆ. ಮೂತ್ರಪಿಂಡದ ತೊಂದರೆ ಇಲ್ಲದವರಿಗೆ ದಿನಕ್ಕೆ ಪ್ರತಿ ಕಿಲೋ ತೂಕಕ್ಕೆ 1ರಿಂದ 1.2 ಗ್ರಾಂ ಬೇಕು ಎಂಬುದು ತಜ್ಞರ ಲೆಕ್ಕ. ಕಾರಣವಿಲ್ಲದೆ ತೂಕ ಇಳಿಯುತ್ತಿರುವ 80ರ ಅಜ್ಜಿಗೆ ಬೇಕಾದದ್ದು ಸತುವಿನ ಡಬ್ಬಿಯಲ್ಲ, ಹಲ್ಲಿನ ವೈದ್ಯರು.

'ಇಮ್ಯುನಿಟಿ ಬೂಸ್ಟರ್' ಎಂದು ಬರೆದ ಪುಡಿ, ಕಷಾಯ, ಸಿರಪ್‌ಗಳ ಬಗ್ಗೆ ಹೆಚ್ಚು ಹೇಳುವುದಕ್ಕಿಲ್ಲ. ಏನನ್ನು ಎಷ್ಟು ಹೆಚ್ಚಿಸುತ್ತದೆ ಎಂದು ಹೇಳದ ಯಾವುದೂ ನನ್ನ ತಕ್ಕಡಿಗೆ ಏರುವುದಿಲ್ಲ. ರಕ್ತ ತೆಳುವಾಗಿಸುವ ಔಷಧಿ ಸೇವಿಸುವವರು ಇವುಗಳಿಂದ ದೂರವಿರುವುದು ಕ್ಷೇಮ.

ಪ್ರಯೋಗಶಾಲೆಯ ಹೊಸ್ತಿಲಲ್ಲಿರುವವೂ ಇವೆ. ಎವೆರೊಲಿಮಸ್ ಎಂಬ ಔಷಧಿಯನ್ನು ಅಲ್ಪ ಪ್ರಮಾಣದಲ್ಲಿ ಕೊಟ್ಟಾಗ ಹಿರಿಯರಲ್ಲಿ ಫ್ಲೂ ಲಸಿಕೆಗೆ ಪ್ರತಿಕ್ರಿಯೆ ಸುಮಾರು ಶೇಕಡಾ 20ರಷ್ಟು ಸುಧಾರಿಸಿತೆಂದು 2014ರಲ್ಲಿ ಸುದ್ದಿಯಾಯಿತು. ಅದೇ ಜಾಡಿನ ಇನ್ನೊಂದು ಔಷಧಿ 2019ರ ದೊಡ್ಡ ಪರೀಕ್ಷೆಯಲ್ಲಿ ಕಾಯಿಲೆ ತಗ್ಗಿಸಲಾರದೆ ಸೋತಿತು. ಅಂಕಿಗೂ ಕಾಯಿಲೆಗೂ ನಡುವಿನ ಕಂದಕ ಇದೇ. ಬೆಳವಣಿಗೆಯ ಹಾರ್ಮೋನಿನಿಂದ ಥೈಮಸ್ ಮರಳಿ ಬೆಳೆಯಿತು ಎಂಬ 2019ರ ವರದಿಯ ಹಿಂದೆ ಇದ್ದದ್ದು ಒಂಬತ್ತು ಗಂಡಸರು, ಹೋಲಿಕೆಯ ಗುಂಪೂ ಇರಲಿಲ್ಲ. ಇವನ್ನು ಕೊಂಡು ನುಂಗುವ ಕಾಲ ಇನ್ನೂ ಬಂದಿಲ್ಲ.

ನಿಮ್ಮ ಮನೆಗೆ ಯಾವುದು

50ರಿಂದ 64ರ ಆರೋಗ್ಯವಂತರಾಗಿದ್ದರೆ ಹಣಕ್ಕಿಂತ ಬೆವರಿಗೆ ಬೆಲೆ ಹೆಚ್ಚು. ಸ್ನಾಯು ಕಟ್ಟಿಕೊಳ್ಳಲು, ಸಿಗರೇಟು ಬಿಡಲು, ಒಸಡು ಸರಿಪಡಿಸಿಕೊಳ್ಳಲು ಇದೇ ಕಾಲ. ಲಸಿಕೆಗಳಲ್ಲಿ ಹೊಸ ಸರ್ಪಸುತ್ತಿನ ಲಸಿಕೆಯನ್ನು 50 ದಾಟಿದ ಮೇಲೆ ಯಾವಾಗ ಬೇಕಾದರೂ ಪಡೆಯಬಹುದು. ಕೈ ಬಿಗಿಯಿದ್ದರೆ 60ರವರೆಗೆ ಮುಂದೂಡಿದರೂ ದೊಡ್ಡ ನಷ್ಟವಿಲ್ಲ.

65 ದಾಟಿದ ಮೇಲೆ ಕ್ರಮ ತಿರುಗುತ್ತದೆ. ಮೊದಲು ನ್ಯುಮೋಕಾಕಸ್ ಮತ್ತು ಆ ವರ್ಷದ ಫ್ಲೂ ಲಸಿಕೆ, ನಂತರ ಸರ್ಪಸುತ್ತು. ಒಂದೇ ದಿನ ಎರಡು ತೋಳಿಗೆ ಎರಡು ಲಸಿಕೆ ಹಾಕಿಸಬಹುದು. ಆದರೆ ಸರ್ಪಸುತ್ತಿನದನ್ನು ಬೇರೆ ದಿನಕ್ಕೆ ಇಟ್ಟುಕೊಂಡರೆ ಮೈಕೈ ನೋವು ಸಹಿಸಲು ಸುಲಭ. ಮಾತ್ರೆಗೆಂದು ತಿಂಗಳು ತಿಂಗಳೂ ಹೋಗುವ ಹಣವನ್ನು ವರ್ಷವಿಡೀ ಕೂಡಿಟ್ಟರೆ ಎಷ್ಟೋ ಮನೆಗಳಲ್ಲಿ ಲಸಿಕೆಯೊಂದರ ಬೆಲೆ ಹುಟ್ಟುತ್ತದೆ. ಒಮ್ಮೆ ಲೆಕ್ಕ ಹಾಕಿ ನೋಡಿ.

ಸಂಧಿವಾತಕ್ಕೋ, ಅಂಗ ಕಸಿಗೋ, ಕ್ಯಾನ್ಸರಿಗೋ ರೋಗನಿರೋಧಕವನ್ನು ತಗ್ಗಿಸುವ ಔಷಧಿ ಆರಂಭಿಸಲಿರುವವರು, ಆರಂಭಿಸುವ ಮೊದಲೇ ಲಸಿಕೆಯ ಮಾತು ಎತ್ತಬೇಕು. ಔಷಧಿ ಶುರುವಾದ ಮೇಲೆ ಲಸಿಕೆಯ ಫಲ ಕುಗ್ಗುತ್ತದೆ. ಸ್ಟೀರಾಯ್ಡ್ ಸೇವಿಸುತ್ತಿರುವವರು ಇದನ್ನು ಓದಿ ಅದನ್ನು ಥಟ್ಟನೆ ನಿಲ್ಲಿಸಬೇಡಿ, ಪ್ರಾಣಕ್ಕೇ ಕುತ್ತಾದೀತು.

ಹಾಸಿಗೆ ಹಿಡಿದವರಿಗೆ, 90ರ ಹತ್ತಿರವಿದ್ದು ಲಸಿಕೆಗೂ ದೇಹ ಓಗೊಡದವರಿಗೆ ಇನ್ನೊಂದು ದಾರಿಯಿದೆ. ಅವರ ಸುತ್ತಲಿರುವವರಿಗೆ ಲಸಿಕೆ ಹಾಕಿಸುವುದು. ಜಪಾನಿನಲ್ಲಿ 1962ರಿಂದ ಶಾಲಾ ಮಕ್ಕಳಿಗೆ ಫ್ಲೂ ಲಸಿಕೆ ಕೊಡುತ್ತಿದ್ದರು, 1994ರಲ್ಲಿ ಅದು ನಿಂತಿತು. ಆ ವರ್ಷಗಳ ಸಾವಿನ ಲೆಕ್ಕವನ್ನು 2001ರಲ್ಲಿ ಪರಿಶೀಲಿಸಿದ ಸಂಶೋಧಕರು, ಸುಮಾರು 420 ಮಕ್ಕಳಿಗೆ ಲಸಿಕೆ ಹಾಕಿದಾಗ ಒಂದು ಸಾವು ತಪ್ಪುತ್ತಿತ್ತು, ಹಾಗೆ ಉಳಿದುಕೊಂಡ ಜೀವಗಳು ಹೆಚ್ಚಾಗಿ ಮುದುಕರವು ಎಂದು ಅಂದಾಜಿಸಿದರು. ಮೊಮ್ಮಗನ ತೋಳಿಗೆ ಚುಚ್ಚಿದ ಲಸಿಕೆ ಅಜ್ಜನ ಪಾಲಿಗೂ ಕೆಲಸ ಮಾಡುತ್ತದೆ.

ಯಾವ ಆಯ್ಕೆ ಮಾಡಿದರೂ ಮನೆಯಲ್ಲಿ ಒಂದು ಥರ್ಮಾಮೀಟರ್ ಇರಲಿ. ಹಿರಿಯರು ಆರೋಗ್ಯವಾಗಿರುವ ಮೂರ್ನಾಲ್ಕು ದಿನ ಅವರ ಮೈಯ ಉಷ್ಣತೆ ನೋಡಿ ಬರೆದಿಡಿ. ಅನೇಕರದು ಎಳೆಯರಿಗಿಂತ ಕಡಿಮೆಯೇ ಇರುತ್ತದೆ. ಅವರ ಮಾಮೂಲಿ ಅಂಕಿಗಿಂತ 1.1 ಡಿಗ್ರಿ ಸೆಲ್ಸಿಯಸ್ ಏರಿದರೆ, ಅದು 38 ಮುಟ್ಟದಿದ್ದರೂ ಜ್ವರವೆಂದೇ ತಿಳಿದು ವೈದ್ಯರಿಗೆ ತೋರಿಸಿ. ನಮ್ಮ ಮಾವನ ಮನೆಯ ಕ್ಯಾಲೆಂಡರಿನ ಹಿಂದೆ ಈಗ ಪೆನ್ಸಿಲಿನಲ್ಲಿ 36.1 ಎಂದು ಬರೆದಿದೆ. ಅದರ ಕೆಳಗೆ ಅವರ ಮಗಳು ಇನ್ನೊಂದು ಸಾಲು ಸೇರಿಸಿದ್ದಾಳೆ: ಗುಂಡಿ ತಪ್ಪಿದರೂ ಫೋನ್ ಮಾಡುವುದು.